ರಂಜಾನಿನ ಪೆಕಾನ್ ಮಿಠಾಯಿ

ಐರ್ಲೆಂಡಿನ ಬ್ಯಾಲಿನ್‌ಕೊಲಿಗ್‌ನಲ್ಲಿ ನಮ್ಮ ಪಕ್ಕದ ಮನೆಯಲ್ಲಿದ್ದ ಬೆಂಗಳೂರಿನ ಹೆಂಗಸು ರಂಜಾನಿನಲ್ಲಿ ಅಕ್ರೋಟಿನಂಥ ಪೆಕಾನ್ ಬೀಜದ ಮಿಠಾಯಿ ಮಾಡುತ್ತಿದ್ದಳು. ಉಪವಾಸದಲ್ಲಿ ಅವಳು ರುಚಿ ನೋಡುತ್ತಿರಲಿಲ್ಲ. ಬೇಲಿಯಾಚೆಯಿಂದಲೇ ಕೂಗುತ್ತಿದ್ದಳು: "ಅಕ್ಕಾ, ಕೈ ನಂದು, ನಾಲಿಗೆ ನಿಮ್ದು. ಬನ್ನಿ!"

ಒಂದು ದಿನ ಅವಳ ಮಗಳ ಐರಿಶ್ ಅತ್ತೆ ಮೊದಲ ಸಲ ಇಫ್ತಾರಿಗೆ ಬರುವವರಿದ್ದರು. ನಾನು ಚೂರು ಬಾಯಿಗಿಟ್ಟು, "ಪಾಕ ಸೀದೋಗೈತೆ. ಕಹಿ," ಅಂದೆ.

"ಸ್ವಲ್ಪಾನಾ?"

"ಸ್ವಲ್ಪ ಅಲ್ಲ."

ಎಲ್ಲವನ್ನೂ ಕಸಕ್ಕೆ ಸುರಿದು, ಮತ್ತೆ ಸಕ್ಕರೆ, ಬೆಣ್ಣೆ, ಕೆನೆ ಕುದಿಸಿ ಬೀಜ ಹಾಕಿದಳು. ನಾನು ತಿನ್ನುವಾಗ ನನ್ನ ಮುಖವನ್ನೇ ನೋಡುತ್ತಿದ್ದಳು.

"ಈಗ ಸರಿ ಐತೆ."

"ಗ್ರ್ಯಾಂಡ್! ಬೀಗಿತ್ತಿ ಮುಖ ಕಿವುಚಿದ್ರೆ ನಿಮ್ಮನ್ನೇ ತೋರಿಸ್ತೀನಿ," ಎಂದು ನಕ್ಕಳು.

ಸಂಜೆ ಖರ್ಜೂರ ತಿಂದು ಉಪವಾಸ ಬಿಟ್ಟವಳೇ ಮಿಠಾಯಿಯ ತಟ್ಟೆಯನ್ನು ಬೀಗಿತ್ತಿಯ ಮುಂದಿಟ್ಟಳು. ತಾನಿನ್ನೂ ಅದನ್ನು ಬಾಯಿಗೆ ಹಾಕಿಕೊಂಡಿರಲಿಲ್ಲ.