ಹಬೆಯಿಂದ ನೀರು ಹಿಂಡುವ ಮೋಮಿನಾ

ಇನ್ನೂ ಬೆಳಕು ಹರಿದಿಲ್ಲ. ಕಿಟ್ಟದ ಗುಡ್ಡದ ಬುಡದಲ್ಲಿ ಮೊಣಕಾಲೂರಿದ ಮೋಮಿನಾ ಕಲ್ಲುಗುಪ್ಪೆಯ ಸಂದಿಗೆ ಕಿವಿಯಿಟ್ಟಿದ್ದಾಳೆ. ಒಳಗೆ ಹನಿ ಬೀಳುವ ಸದ್ದಿಲ್ಲ. ಕೈ ತೂರಿಸಿ ನೋಡುತ್ತಾಳೆ: ಕಲ್ಲು ಬೆಚ್ಚಗಿದೆ, ಆದರೆ ಒಣಗಿದೆ. ರಾತ್ರಿ ನೆಲ ನಡುಗಿದಾಗಲೇ ಹಬೆಯ ದಾರಿ ಮುಚ್ಚೀತೆಂದು ಅವಳು ಅಂಜಿದ್ದಳು.

ಜ್ವಾಲಾಮುಖಿಗಳ ಅಫಾರ್ ನಾಡಿನ ಈ ಕರಿಬಯಲಿನಲ್ಲಿ ಬಾವಿ ತೋಡಿ ಪ್ರಯೋಜನವಿಲ್ಲ. ಇಲ್ಲಿ ನೀರು ಬರುವುದೇ ಹಬೆಯಾಗಿ. ಹಬೆ ಉಗುಳುವ ನೆಲದ ಬಿರುಕಿನ ಮೇಲೆ ಕಲ್ಲು ಪೇರಿಸಿ, ಕೊಂಬೆ, ಚಾಪೆ ಹೊದಿಸಿ, ಮಣ್ಣು ಮೆತ್ತಿದರೆ ಹಬೆ ಕಲ್ಲಿಗೆ ತಾಗಿ ನೀರಾಗಿ ಕುಳಿಗೆ ತೊಟ್ಟಿಕ್ಕುತ್ತದೆ. "ಅತ್ತೆ ಕಲಿಸಿದ್ದು. ಮಣ್ಣು ತೆಳುವಾದ್ರೆ ಹಬೆ ಓಡಿಹೋಗುತ್ತೆ, ದಪ್ಪ ಆದ್ರೆ ಕಲ್ಲು ತಣಿಯಲ್ಲ," ಎನ್ನುತ್ತಾಳೆ ಮೋಮಿನಾ. ಗಂಡ ಸತ್ತ ಮೇಲೆ ಇಂಥ ಐದು ಗುಪ್ಪೆಗಳಿಗೆ ಅವಳೊಬ್ಬಳೇ ದಿಕ್ಕು. ಅಂಗೈ ಎಷ್ಟೋ ಸಲ ಸುಟ್ಟು ಸುಲಿದಿದೆ. ದಾರಿಹೋಕರು ಕುಡಿದು, ಬಾಯಿ ಒರೆಸಿಕೊಂಡು ಹೋಗುತ್ತಾರೆ. ಕಟ್ಟಿದ್ದು ಯಾರೆಂದು ಕೇಳುವ ಪುರಸೊತ್ತು ಯಾರಿಗಿದೆ?

ಇವತ್ತು ಐದೂ ಒಣಗಿವೆ. ಉಳಿದಿರುವುದು ಅವಳೊಬ್ಬಳಿಗೆ ಸಾಕಾಗುವ ಒಂದು ತೊಗಲಚೀಲ ನೀರು. ಅತ್ತ ಮಗಳು ಹಾಸ್ನಾ, ತುಂಬು ಬಸುರಿ, ಗಂಡನ ಕಡೆಯವರೊಂದಿಗೆ ಆಡುಗಳನ್ನು ಹೊಡೆದುಕೊಂಡು ತಾಯಿಯ ಬಳಿ ಹೆರಲು ಹೊರಟಿದ್ದಾಳೆ. ಕವಲುದಾರಿಯಲ್ಲಿ ಅವರು ಸುದ್ದಿಗೆ ಕಾಯುತ್ತಾರೆ. ನೀರಿದ್ದರೆ ಇತ್ತ, ಇಲ್ಲದಿದ್ದರೆ ದೂರದ ನದಿಯತ್ತ.

ಸುದ್ದಿ ಒಯ್ಯಬೇಕಾದ ಒಂಟೆಯವನು ದಾತೋ ಆಗಲೇ ಉಪ್ಪಿನ ಹೇರು ಬಿಗಿಯುತ್ತಿದ್ದಾನೆ. "ಬಿಸಿಲೇರೋಕೆ ಮುಂಚೆ ಹೊರಡ್ಬೇಕು ಅಕ್ಕಾ, ದಾಗು ಹೇಳು." ದಾಗು ಎಂದರೆ ಹಾದಿಯ ಸುದ್ದಿ. ಅದು ಹರಟೆಯಲ್ಲ. ಕಂಡದ್ದನ್ನು ಕಂಡಷ್ಟೇ ಹೇಳಬೇಕು, ಒಂದನ್ನೂ ಬಿಡುವಂತಿಲ್ಲ. ಅದನ್ನು ನಂಬಿಯೇ ಜನ ಹೆಜ್ಜೆಯಿಡುತ್ತಾರೆ.

"ತಡಿಯೋ! ಒಂಟೆಗಿಲ್ಲದ ಅವಸರ ನಿನಗ್ಯಾಕೆ?"

ಗುಡ್ಡದ ಆಚೆ ಮಗ್ಗುಲಲ್ಲಿ ಹೊಸ ಬಿರುಕೊಂದು ಬಾಯಿ ಬಿಟ್ಟಿದೆ. ಮೋಮಿನಾ ತನ್ನ ಗುಡಿಸಲಿನ ಚಾಪೆಯನ್ನೇ ಕಿತ್ತು ತರುತ್ತಾಳೆ. ಗೊಣಗುತ್ತಲೇ ದಾತೋ ಕಲ್ಲು ಹೊರುತ್ತಾನೆ. ಗುಪ್ಪೆ ಏಳುತ್ತದೆ, ಒಳಗೆ ಹಬೆ ತುಂಬುತ್ತದೆ. ಇಬ್ಬರೂ ಸಂದಿಗೆ ಕಿವಿಯಿಟ್ಟು ಕಾಯುತ್ತಾರೆ. ಹನಿ ಬೀಳುವುದಿಲ್ಲ.

"ಹಬೆ ಬಂತಲ್ಲ, ಇನ್ನೇನು? ನೀರಿದೆ ಅಂತೀನಿ ಬಿಡು," ದಾತೋ ಒಂಟೆಯ ಹಗ್ಗ ಹಿಡಿಯುತ್ತಾನೆ. "ಅವರು ಬರೋ ಹೊತ್ತಿಗೆ ಕುಳಿ ತುಂಬಿರುತ್ತೆ. ವರ್ಷದಿಂದ ಮಗಳು ಮಗಳು ಅಂತ ನನ್ನ ತಲೆ ತಿಂದಿದ್ದೀಯ."

"ತುಂಬದಿದ್ರೆ? ನೋವು ತಿನ್ನೋಳ ಬಾಯಿಗೆ ಏನು ಹಾಕ್ಲಿ? ನಿನ್ನ ಉಪ್ಪಾ?"

ಗುಡ್ಡದ ನೆತ್ತಿಗೆ ಬಿಸಿಲು ಬೀಳುತ್ತದೆ. ಒಂಟೆ ಎದ್ದು ನಿಲ್ಲುತ್ತದೆ. ಮೋಮಿನಾ ಕೊನೆಯ ಸಲ ಸಂದಿಗೆ ಕೈ ಹಾಕುತ್ತಾಳೆ. ಕಲ್ಲಿನ ಮೇಲೆ ಬರೀ ತೇವ. ನದಿಯ ಹತ್ತಿರ ಮಗಳಿಗೆ ನೀರುಂಟು, ಬೆನ್ನು ನೀವಲು ತಾಯಿಯಿಲ್ಲ. ಈ ಹಾದಿಯವರಿಗೆ ಮತ್ತೆ ನೀರು ಹುಟ್ಟಿಸದೆ ಮೋಮಿನಾ ಗುಡ್ಡ ಬಿಟ್ಟು ಕದಲುವಂತಿಲ್ಲ.

"ನೀರಿಲ್ಲ ಅನ್ನು," ಎನ್ನುವಾಗ ಅವಳ ಕಣ್ಣೀರು ಕೆನ್ನೆಗಿಳಿಯುತ್ತದೆ. "ಹೊಸ ಬಿರುಕಲ್ಲಿ ಹಬೆ ಇದೆ, ಹನಿ ಇಲ್ಲ. ನದಿ ಕಡೆ ಹೋಗ್ಲಿ. ಅಮ್ಮ ಅತ್ಲು ಅಂತ ಸೇರಿಸಿದ್ರೆ ನಿನ್ನ ನಾಲಿಗೆ ಕಿತ್ತುಹಾಕ್ತೀನಿ."

ದಾತೋ ತಲೆ ತಗ್ಗಿಸುತ್ತಾನೆ. "ಕಂಡದ್ದನ್ನು ಕಂಡಷ್ಟೇ ಹೇಳ್ಬೇಕಲ್ಲ ಅಕ್ಕಾ."

ಅವಳು ಮಣ್ಣಿನ ಕೈಯಲ್ಲೇ ಮುಖ ಒರೆಸಿಕೊಳ್ಳುತ್ತಾಳೆ. "ಹಾಗಿದ್ರೆ ಪೂರ್ತಿ ಹೇಳು. ಅತ್ಲು, ಆದ್ರೆ ಸುಳ್ಳು ಹೇಳ್ಲಿಲ್ಲ ಅನ್ನು."