ಇಬ್ಬರು ಎಲೆಕ್ಟ್ರಾ, ಒಂದು ಕೈಚೀಲ

ಕೋವಿಡ್ಡಿನ ಗದ್ದಲ ಇಳಿದು ಆಸ್ಪತ್ರೆಗಳು ಮತ್ತೆ ಉಸಿರಾಡಲು ಶುರು ಮಾಡಿದ ವರ್ಷ ಅದು. ನಾನು ಸ್ಕಾರ್‌ಬರೋ ಎಂಬ ಪರದೇಶದ ಊರಿನ ಒಂದು ಆಸ್ಪತ್ರೆಯ ಬ್ಲಡ್ ಬ್ಯಾಂಕಿನಲ್ಲಿ ಸೀನಿಯರ್ ಟೆಕ್ನಾಲಜಿಸ್ಟ್ ಆಗಿದ್ದೆ. ಬ್ಲಡ್ ಬ್ಯಾಂಕ್ ಅಂದ ಕೂಡಲೇ ಜನ ರಕ್ತದಾನ ಅಂತಾರೆ. ನಮ್ಮದು ತೆಗೆದುಕೊಳ್ಳುವ ಜಾಗವಲ್ಲ, ಕೊಡುವ ಜಾಗ. ಯಾರಿಗೆ ಯಾವ ರಕ್ತ ಒಗ್ಗುತ್ತದೆ ಎಂದು ಪರೀಕ್ಷೆ ಮಾಡಿ ಕಳಿಸುವುದು ನಮ್ಮ ಕೆಲಸ. ರೋಗಿಯ ಮುಖ ನಮಗೆ ಕಾಣುವುದಿಲ್ಲ. ಒಂದು ಟ್ಯೂಬು ಬರುತ್ತದೆ, ಅದರ ಮೇಲೆ ಒಂದು ಹೆಸರು ಇರುತ್ತದೆ, ಅಷ್ಟೇ.

ನನಗೆ ಮೂಗಿನ ತುದಿಯಲ್ಲೇ ಸಿಟ್ಟು ಅಂತ ನಮ್ಮ ಮನೆಯವರು ಹೇಳುತ್ತಾರೆ. ಸುಳ್ಳಲ್ಲ. ಆದರೆ ಈ ಕೆಲಸಕ್ಕೆ ಸ್ವಲ್ಪ ಸಿಟ್ಟಿನವರೇ ಬೇಕು. ಸಂಕೋಚದವರಾದರೆ ಡಾಕ್ಟರು ಫೋನಿನಲ್ಲಿ ಒದರಿದ ತಕ್ಷಣ ಕೈಗೆ ಸಿಕ್ಕ ಚೀಲ ಕೊಟ್ಟು ಬಿಡುತ್ತಾರೆ.

ಈ ಪ್ರಕರಣ ಹೇಳುವ ಮೊದಲು ಕೋವಿಡ್ಡಿಗೂ ಮೊದಲಿನ ಒಂದು ಸಂಗತಿ ಹೇಳಬೇಕು. ಎಲೆಕ್ಟ್ರಾ ಎಂಬ ಗ್ರೀಕ್ ಮನೆತನದ ಹೆಣ್ಣುಮಗಳು ನಮ್ಮಲ್ಲಿ ಹೆರಿಗೆಗೆ ಬಂದಿದ್ದಳು. ಮದುವೆಯಾದರೂ ತವರಿನ ಅಡ್ಡಹೆಸರನ್ನೇ ಉಳಿಸಿಕೊಂಡಿದ್ದಳು. ಆ ಅಡ್ಡಹೆಸರು ಇಲ್ಲಿ ಬೇಡ. ಸಿಸೇರಿಯನ್ ಆಗಿ ಹುಟ್ಟಿದ ಕೂಸು ಅರಿಶಿಣ ಬಳಿದಂಗೆ ಹಳದಿಯಾಗಿತ್ತು. ತಾಯಿಯ ರಕ್ತದಲ್ಲಿ ಒಂದು ಆಂಟಿಬಾಡಿ ಹುಟ್ಟಿಕೊಂಡಿತ್ತು. ರಕ್ತಕ್ಕೆ ಎ, ಬಿ, ಓ ಗುಂಪುಗಳಿರುವುದು, ಪಾಸಿಟಿವ್ ನೆಗೆಟಿವ್ ಇರುವುದು ಎಲ್ಲರಿಗೂ ಗೊತ್ತು. ಅದರಾಚೆಗೂ ಹತ್ತಾರು ಗುರುತುಗಳಿವೆ. ಅದರಲ್ಲಿ ಒಂದನ್ನು ನಾವು ‘ಸಣ್ಣ ಸಿ’ ಎನ್ನುತ್ತೇವೆ. ಆ ತಾಯಿಯ ರಕ್ತ ಸಣ್ಣ ಸಿ ಇರುವ ರಕ್ತವನ್ನು ಕಂಡರೆ ಒಡೆದು ಹಾಕುತ್ತಿತ್ತು. ಕೂಸಿಗೆ ಅದು ಅಪ್ಪನಿಂದ ಬಂದಿತ್ತು. ಹುಡುಕಿ ತಂದ ರಕ್ತದಿಂದ ಕೂಸು ಬದುಕಿತು. ಅವಳ ಹೆಸರಿನ ಮುಂದೆ ಕಂಪ್ಯೂಟರಿನಲ್ಲಿ ಎಚ್ಚರಿಕೆ ಬರೆದಿಟ್ಟವಳು ನಾನೇ.

ಆಗ ಅವಳ ಅಜ್ಜಿ ನಮ್ಮ ಕಿಟಕಿಯ ಹತ್ತಿರ ಬಂದಿದ್ದಳು, ಎಳ್ಳು ಹಚ್ಚಿದ ಬಿಸ್ಕೀಟಿನ ಡಬ್ಬಿ ಹಿಡಿದುಕೊಂಡು. ಎಂಬತ್ತು ದಾಟಿದ ಮುದುಕಿ, ಅವರ ಊರಿನಲ್ಲಿ ಸಾಲಿ ಮಾಸ್ತರಣಿಯಾಗಿದ್ದವಳು. ಮೊಮ್ಮಗಳ ಹೆಸರು ಚೆಂದ ಇದೆ ಎಂದೆ.

“ಅದು ನನ್ನ ಹೆಸರು,” ಎಂದಳು. “ನಮ್ಮಲ್ಲಿ ಮಗನ ಹಿರಿ ಮಗಳಿಗೆ ಅಜ್ಜಿಯ ಹೆಸರು. ನನಗೆ ಇಬ್ಬರು ಗಂಡುಮಕ್ಕಳು, ಯಾನ್ನಿ, ಸ್ತಾವ್ರೋ. ಇಬ್ಬರ ಮಗಳೂ ಎಲೆಕ್ಟ್ರಾ. ವಯಸ್ಸೂ ಒಂದೇ, ಮುಖವೂ ಹೆಚ್ಚುಕಡಿಮೆ ಒಂದೇ. ಇಲ್ಲಿ ಹೆತ್ತವಳು ಸ್ತಾವ್ರೋನ ಎಲೆಕ್ಟ್ರಾ.”

ಕರೆದಾಗ ಗೊಂದಲ ಆಗುವುದಿಲ್ಲವೇ ಎಂದು ಕೇಳಿದೆ. ಮುದುಕಿ ನಕ್ಕಳು. ಅವರ ಪುರಾಣದಲ್ಲೇ ಎಲೆಕ್ಟ್ರಾ ಒಬ್ಬಳಲ್ಲವಂತೆ. ಒಬ್ಬಳು ಅಗಮೆಮ್ನಾನ್ ರಾಜನ ಮಗಳು. ಅಪ್ಪನನ್ನು ಕೊಂದವರ ಮನೆಯಲ್ಲೇ ಹಲ್ಲು ಕಚ್ಚಿಕೊಂಡು ತಮ್ಮನ ದಾರಿ ಕಾದವಳು. ಇನ್ನೊಬ್ಬಳು ಆಕಾಶ ಹೊತ್ತ ಅಟ್ಲಾಸನ ಮಗಳು. ನಾವು ಕೃತ್ತಿಕೆ ಎನ್ನುವ ನಕ್ಷತ್ರದ ಗೊಂಚಲಿನಲ್ಲಿ ಒಬ್ಬಳು. ಮತ್ತೊಬ್ಬಳು ಸಾಗರದ ಮಗಳು, ಕಾಮನಬಿಲ್ಲಿನ ತಾಯಿ. “ಯಾರ ಮಗಳು ಅಂತ ಕೇಳದೆ ಕತೆ ಶುರು ಮಾಡಿದರೆ ಮಕ್ಕಳು ನನ್ನನ್ನೇ ನೋಡಿ ನಗುತ್ತಿದ್ದರು,” ಎಂದಳು.

ನಮ್ಮಲ್ಲೂ ಹಾಗೇ ಎಂದೆ. ಭರತ ಅಂದರೆ ದಶರಥನ ಮಗನೋ, ದುಷ್ಯಂತನ ಮಗನೋ, ಋಷಭನ ಮಗನೋ ಕೇಳಬೇಕು. ಪುರಾಣ ಯಾಕೆ, ಧಾರವಾಡದ ನಮ್ಮ ಮನೆಯನ್ನೇ ನೋಡಿ. ಅಜ್ಜ ಬಸಪ್ಪ, ಮೊಮ್ಮಕ್ಕಳಲ್ಲಿ ಮೂವರು ಬಸಪ್ಪ. ಸೊಸೆಯಂದಿರು ಮಾವನ ಹೆಸರು ಹಿಡಿದು ಕರೆಯುವಂತಿಲ್ಲವಾದ್ದರಿಂದ ಮೂವರನ್ನೂ ‘ಅಪ್ಪ್ಯಾ’ ಎಂದೇ ಕರೆಯುತ್ತಿದ್ದರು. ಒಬ್ಬನನ್ನು ಊಟಕ್ಕೆ ಕರೆದರೆ ಮೂವರೂ ಓಡಿ ಬರುತ್ತಿದ್ದರು. ಇದನ್ನು ಕೇಳಿ ಅಜ್ಜಿಗೆ ಭಾರಿ ಖುಷಿಯಾಯಿತು.

ನಾಲ್ಕು ವರ್ಷ ಆದಮೇಲೆ ಒಂದು ಶನಿವಾರ ಮಧ್ಯಾಹ್ನ. ಲ್ಯಾಬಿನಲ್ಲಿ ನಾನು ಮತ್ತು ಉಡುಪಿ ಕಡೆಯ ಶಾಲಿನಿ, ಇಬ್ಬರೇ. ನಾನು ಟಿಫಿನ್ ಡಬ್ಬಿ ತೆಗೆಯುವುದಕ್ಕೂ ಎಮರ್ಜೆನ್ಸಿಯ ಫೋನು ಹೊಡೆದುಕೊಳ್ಳುವುದಕ್ಕೂ ಸರಿಹೋಯಿತು. ಹೈವೇಯಲ್ಲಿ ಕಾರಿನ ಅಪಘಾತ. ಪೇಟೆಯ ದೊಡ್ಡ ಟ್ರಾಮಾ ಆಸ್ಪತ್ರೆಗೆ ಒಯ್ಯುವಷ್ಟು ಪುರುಸೊತ್ತಿಲ್ಲದೆ ಒಬ್ಬ ಹೆಂಗಸನ್ನು ಹತ್ತಿರದ ನಮ್ಮಲ್ಲಿಗೆ ತಂದಿದ್ದರು. ಹೊಟ್ಟೆಯೊಳಗೆ ರಕ್ತ ಸುರಿಯುತ್ತಿದೆ, ಪ್ರಜ್ಞೆ ಇಲ್ಲ, ಆಪರೇಷನ್ ಥಿಯೇಟರಿಗೆ ಹೋಗುತ್ತಿದ್ದೇವೆ, ಓ ನೆಗೆಟಿವ್ ಕಳಿಸಿ ಎಂದರು. ಗುಂಪು ನೋಡುವಷ್ಟೂ ಹೊತ್ತಿಲ್ಲದಾಗ ಕೊಡುವ ರಕ್ತ ಅದು. ಎಲ್ಲರಿಗೂ ಒಗ್ಗುತ್ತದೆ ಅಂತ ಹೆಸರಾದದ್ದು. ಶಾಲಿನಿ ಆಗಲೇ ಚೀಲಗಳನ್ನು ತೆಗೆದು ಪೆಟ್ಟಿಗೆಗೆ ತುಂಬುತ್ತಿದ್ದಳು. ನಾನು ರೋಗಿಯ ಹೆಸರು ಕೇಳಿದೆ.

“ಎಲೆಕ್ಟ್ರಾ,” ಎಂದು ಅದೇ ಅಡ್ಡಹೆಸರು ಹೇಳಿದರು.

ಓ ನೆಗೆಟಿವ್ ರಕ್ತದಲ್ಲಿ ಹೆಚ್ಚುಕಡಿಮೆ ಯಾವಾಗಲೂ ಸಣ್ಣ ಸಿ ಇದ್ದೇ ಇರುತ್ತದೆ. ಎಲ್ಲರನ್ನೂ ಉಳಿಸುವ ಆ ರಕ್ತ ಅಂದಿನ ಆ ಬಾಣಂತಿಗೆ ವಿಷ. ಕಂಪ್ಯೂಟರ್ ತೆರೆದೆ. ಎಚ್ಚರಿಕೆ ಇರಲಿಲ್ಲ! ಜನ್ಮ ದಿನಾಂಕ ಬೇರೆ, ಹಿಂದೆ ಮೊಣಕಾಲಿನ ಆಪರೇಷನ್ನಿಗೆ ಬಂದಿದ್ದಳು, ಎ ಪಾಸಿಟಿವ್, ಯಾವ ಆಂಟಿಬಾಡಿಯೂ ಇಲ್ಲ.

ಶಾಲಿನಿ ನನ್ನ ಹೆಗಲ ಮೇಲಿಂದ ನೋಡಿದಳು. “ಅಕ್ಕಾ, ಡೇಟ್ ಆಫ್ ಬರ್ತ್ ಬೇರೆ ಉಂಟಲ್ಲ. ಇದು ಆ ಹೆಂಗಸು ಅಲ್ಲ. ಪೋರ್ಟರ್ ಬಂದು ನಿಂತಿದ್ದಾನೆ, ಕೊಟ್ಟು ಬಿಡುವನಾ?”

ನಿಯಮದ ಪ್ರಕಾರ ಅವಳು ಹೇಳಿದ್ದು ಸರಿ. ಹೆಸರು ಮತ್ತು ಜನ್ಮ ದಿನಾಂಕ, ಈ ಎರಡು ಹೊಂದಿದರೆ ಮುಗಿಯಿತು. ಇವಳು ಯಾನ್ನಿಯ ಎಲೆಕ್ಟ್ರಾ ಎಂದು ನನಗೂ ಅನ್ನಿಸಿತು, ಒಂದು ನಿಟ್ಟುಸಿರೂ ಬಂತು. ಆದರೂ ಮನಸ್ಸು ಒಪ್ಪಲಿಲ್ಲ. ಪ್ರಜ್ಞೆ ಇಲ್ಲದವಳ ಜನ್ಮ ದಿನಾಂಕ ಯಾರು ಹೇಳಿದರು? ಅದನ್ನೇ ಕೇಳಿದೆ. ಕೈಚೀಲದಲ್ಲಿ ಹೆಲ್ತ್ ಕಾರ್ಡ್ ಇತ್ತು ಎಂದಳು ನರ್ಸು. ಅದರಲ್ಲಿ ಫೋಟೋ ಇರುತ್ತದಲ್ಲ ಎಂದರೆ, ಮುಖ ಊದಿಕೊಂಡಿದೆ, ಹೋಲುತ್ತದೆ ಎಂದಳು. ಕಾರಿನಲ್ಲಿ ಬೇರೆ ಯಾರಿದ್ದರು?

“ಇನ್ನೊಬ್ಬ ಹೆಂಗಸು. ಕಾಲು ಮುರಿದಿದೆ. ಬೇರೆ ಆಸ್ಪತ್ರೆಗೆ ಒಯ್ದರು.”

ಒಂದೇ ಕಾರಿನಲ್ಲಿ ಇಬ್ಬರು. ಅವಸರದಲ್ಲಿ ಯಾವ ಚೀಲವನ್ನು ಯಾರ ಸ್ಟ್ರೆಚರಿನ ಮೇಲೆ ಇಟ್ಟರೋ ದೇವರೇ ಬಲ್ಲ. ಆ ಇನ್ನೊಬ್ಬಳೂ ಎಲೆಕ್ಟ್ರಾ ಆಗಿದ್ದರೆ, ಒಳಗಿರುವವಳು ಸ್ತಾವ್ರೋನ ಮಗಳೇ ಇರಬಹುದು.

“ಶಾಲಿನಿ, ಆ ಪೆಟ್ಟಿಗಿ ಮುಚ್ಚಬ್ಯಾಡ. ಓ ನೆಗೆಟಿವ್ ತಗಿ ಹೊರಗ.”

“ಅಯ್ಯೋ ದೇವರೇ, ಎಂತ ಹೇಳ್ತೀರಿ ಅಕ್ಕಾ? ಅವಳು ಅಲ್ಲಿ ಸಾಯ್ತಾ ಇದ್ದಾಳೆ!”

“ಗೊತ್ತೈತಿ. ಓ ಪಾಸಿಟಿವ್, ಎ ಪಾಸಿಟಿವ್ ಫ್ರಿಜ್ ತಗಿ. ಸಣ್ಣ ಸಿ ಇಲ್ಲ ಅಂತ ಲೇಬಲ್ ಇರೋ ಚೀಲ ಹುಡುಕು, ಲಗೂನ!”

ನನ್ನ ಲೆಕ್ಕ ಸರಳ. ಆ ಇಬ್ಬರೂ ಎಲೆಕ್ಟ್ರಾರ ಹಳೆಯ ದಾಖಲೆಗಳಲ್ಲಿ ಗುಂಪು ಎ ಪಾಸಿಟಿವ್. ಸಣ್ಣ ಸಿ ಇಲ್ಲದ ಪಾಸಿಟಿವ್ ರಕ್ತ ಕೊಟ್ಟರೆ ಒಳಗೆ ಮಲಗಿದವಳು ಯಾರ ಮಗಳಾದರೂ ಅಪಾಯವಿಲ್ಲ. ಆದರೆ ಅಂಥ ಚೀಲ ಕಡಿಮೆ. ಲೇಬಲ್ಲಿನ ಮೇಲೆ ಹಾಗೆ ಬರೆದಿದ್ದವು ಎರಡೇ ಸಿಕ್ಕವು. ಅವನ್ನು ಕಳಿಸಿದೆವು. ಪೋರ್ಟರ್ ಓಡಿದ.

ಆಗಲೇ ಆಪರೇಷನ್ ಥಿಯೇಟರಿನಿಂದ ಸರ್ಜನ್ನರ ಫೋನು. ಸ್ಪೀಕರಿನಲ್ಲಿ ಹಾಕಿಸಿ ಮಾತಾಡುತ್ತಿದ್ದರು, ಹಿಂದೆ ಯಂತ್ರಗಳ ಕೂಗು ಕೇಳುತ್ತಿತ್ತು. “ಎರಡೇ ಚೀಲ ಏಕೆ? ನಾನು ಕೇಳಿದ್ದು ಎಷ್ಟು? ನಿಮ್ಮ ಫ್ರಿಜ್ಜು ಖಾಲಿಯೇ?”

“ಫ್ರಿಜ್ಜು ತುಂಬಿದೆ ಡಾಕ್ಟರ್. ಆದರೆ ನಿಮ್ಮ ಮುಂದೆ ಇರುವವಳು ಯಾರು ಅಂತ ನನಗೆ ನಂಬಿಕೆಯಿಲ್ಲ.”

“ಕಾರ್ಡ್ ಇದೆ, ಮಣಿಕಟ್ಟಿನ ಪಟ್ಟಿ ಇದೆ. ಇನ್ನೇನು ಬೇಕು ನಿಮಗೆ? ಇವಳು ನನ್ನ ಕೈಯಲ್ಲಿ ಹೋದರೆ ಅದು ನಿಮ್ಮಿಂದ!”

ಅವರ ಸಿಟ್ಟಿನಲ್ಲಿ ಅನ್ಯಾಯವಿರಲಿಲ್ಲ. ರಕ್ತ ಸಿಗದಿದ್ದರೂ ಸಾವು, ತಪ್ಪು ರಕ್ತ ಸಿಕ್ಕರೂ ಸಾವು. ಆಂಟಿಬಾಡಿ ಇದೆಯೋ ಇಲ್ಲವೋ ಎಂಬ ಪರೀಕ್ಷೆಗೆ ಮುಕ್ಕಾಲು ಗಂಟೆಯಾದರೂ ಬೇಕು. ಅದರಲ್ಲಿ ಇಲ್ಲ ಅಂತ ಬಂದರೂ ನಂಬುವಂತಿಲ್ಲ, ಹೆರಿಗೆಯಾಗಿ ನಾಲ್ಕು ವರ್ಷ ಕಳೆದ ಮೇಲೆ ಅದು ಪರೀಕ್ಷೆಗೆ ಕಾಣದಷ್ಟು ಇಳಿದಿರಬಹುದು. ಹೊಸ ರಕ್ತ ಕಂಡ ಕೂಡಲೇ ಮತ್ತೆ ಎದ್ದು ಕೂರುತ್ತದೆ. ಶಾಲಿನಿ ಅಷ್ಟರಲ್ಲಿ ಉಳಿದ ಚೀಲಗಳನ್ನು ಒಂದೊಂದಾಗಿ ಪರೀಕ್ಷೆ ಮಾಡತೊಡಗಿದ್ದಳು. ಎಲ್ಲದರಲ್ಲೂ ಸಣ್ಣ ಸಿ ಇತ್ತು. ‘ಇದರಲ್ಲೂ ಉಂಟು... ಇದರಲ್ಲೂ ಉಂಟು’ ಅನ್ನುತ್ತ ಅವಳ ದನಿ ಅಳುವಿಗೆ ಬಂದಿತ್ತು.

“ಮನೆಯವರು ಯಾರಾದರೂ ಬಂದಿದ್ದಾರಾ?” ಎಂದು ಎಮರ್ಜೆನ್ಸಿಗೆ ಇನ್ನೊಂದು ಫೋನಿನಿಂದ ಕೇಳಿದೆ. ಕಾರ್ಡಿನ ವಿವರ ನೋಡಿ ಯಾನ್ನಿಗೆ ಹೇಳಿ ಕಳಿಸಿದ್ದರಂತೆ. ಅವನು ತಾಯಿಯನ್ನು ಕರೆದುಕೊಂಡು ಬಂದಿದ್ದ. ಒಳಗೆ ಬಿಟ್ಟಿರಲಿಲ್ಲ, ಇಬ್ಬರೂ ಮುಖ ನೋಡಿರಲಿಲ್ಲ. ಅಜ್ಜಿಗೆ ಫೋನು ಕೊಡಿ ಎಂದೆ.

“ಅಮ್ಮಾ, ನಾನು ಬ್ಲಡ್ ಬ್ಯಾಂಕಿನವಳು. ಮೂರು ಮಂದಿ ಬಸಪ್ಪನವರ ಮನೆಯವಳು.”

“ಹೇಳು ಮಗಳೇ,” ಎಂದಳು. ದನಿ ಒಡೆದಿತ್ತು. “ನನ್ನ ಯಾನ್ನಿಯ ಎಲೆಕ್ಟ್ರಾ ಬದುಕಿದ್ದಾಳಾ?”

“ಬದುಕಿದ್ದಾಳೆ. ಯಾನ್ನಿಯ ಮಗಳಿಗೆ ಹೊಟ್ಟೆಯ ಆಪರೇಷನ್ ಯಾವತ್ತಾದರೂ ಆಗಿದೆಯಾ? ಹೆರಿಗೆ?”

“ಇಲ್ಲ. ಮೊಣಕಾಲು ಮಾತ್ರ. ಅವಳಿಗೆ ಮದುವೆಯೇ ಆಗಿಲ್ಲ.”

ಅಜ್ಜಿಯನ್ನು ಹಾಗೇ ಹಿಡಿದಿಟ್ಟು ಇನ್ನೊಂದು ಫೋನಿನಲ್ಲಿದ್ದ ಸರ್ಜನ್ನರಿಗೆ ಕೇಳಿದೆ: “ಡಾಕ್ಟರ್, ನೀವು ಹೊಟ್ಟೆ ತೆರೆಯುವಾಗ ಕೆಳಗೆ ಹಳೆಯ ಗಾಯದ ಗುರುತು ಇತ್ತಾ? ಸಿಸೇರಿಯನ್ನಿನದು?”

ಹೊದಿಸಿದ ಬಟ್ಟೆ ಸರಿಸಿ ಎಂದು ಅವರು ಯಾರಿಗೋ ಹೇಳಿದ್ದು ಕೇಳಿಸಿತು.

“ಇದೆ,” ಎಂದರು. ಆಮೇಲೆ ಬೇರೆಯದೇ ದನಿಯಲ್ಲಿ, “ನಿಮಗೆ ಏನು ಬೇಕು ಹೇಳಿ,” ಎಂದರು.

ಆ ಮೇಲಿನದೆಲ್ಲ ಓಟ. ನಗರದ ರಕ್ತ ಸರಬರಾಜು ಕೇಂದ್ರಕ್ಕೆ, ಪಕ್ಕದ ನಾರ್ತ್ ಯಾರ್ಕಿನ ಒಂದು ಆಸ್ಪತ್ರೆಗೆ ಫೋನು ಮಾಡಿದೆ. ಸಣ್ಣ ಸಿ ಇಲ್ಲದ ಚೀಲಗಳನ್ನು ಪೊಲೀಸ್ ಕಾರಿನಲ್ಲಿ ಕಳಿಸಿದರು. ಅವು ಬರುವವರೆಗೆ ಸರ್ಜನ್ನರು ರಕ್ತ ಸುರಿಯುತ್ತಿದ್ದ ಗುಲ್ಮವನ್ನು, ಅಂದರೆ ಸ್ಪ್ಲೀನನ್ನು, ಕೈಯಲ್ಲೇ ಒತ್ತಿ ಹಿಡಿದಿದ್ದರಂತೆ. ನಮ್ಮ ಫ್ರಿಜ್ಜಿನಲ್ಲೂ ಕೊನೆಗೆ ಒಂದು ಚೀಲ ಸಿಕ್ಕಿತು. ‘ಇದರಲ್ಲಿ ಇಲ್ಲ ಅಕ್ಕಾ, ಇದರಲ್ಲಿ ಇಲ್ಲ!’ ಎಂದು ಶಾಲಿನಿ ಕೂಗಿದ್ದು ಕಾರಿಡಾರಿಗೆಲ್ಲ ಕೇಳಿತ್ತು. ಕಾಲು ಮುರಿದವಳಿದ್ದ ಆಸ್ಪತ್ರೆಗೂ ಹೇಳಿದೆವು, ನಿಮ್ಮಲ್ಲಿರುವವಳು ನೀವು ತಿಳಿದವಳಲ್ಲ ಅಂತ. ಅವರೂ ಅವಳ ಜೊತೆ ಬಂದ ಕೈಚೀಲ ನೋಡಿಯೇ ಹೆಸರು ಬರೆದುಕೊಂಡಿದ್ದರು. ಆ ಹುಡುಗಿಗೆ ನೋವಿನ ಮದ್ದು ಕೊಟ್ಟು ಮಲಗಿಸಿದ್ದರು, ಎಚ್ಚರವಾದಾಗ ಅವಳೂ ಅದನ್ನೇ ಹೇಳಿದಳಂತೆ. ಸಂಜೆಯ ಹೊತ್ತಿಗೆ ಸ್ತಾವ್ರೋನ ಎಲೆಕ್ಟ್ರಾಳ ರಕ್ತಸ್ರಾವ ನಿಂತಿತು. ನಾನು ಸ್ಟೂಲಿನ ಮೇಲೆ ಕುಸಿದು ಕೂತೆ. ‘ಗೆದ್ದೆವು!’ ಎಂದು ಶಾಲಿನಿಯ ಬೆನ್ನಿಗೆ ಗುದ್ದಿದೆ.

ಕೆಲವು ದಿನಗಳ ನಂತರ ಐಸಿಯುನ ಹೊರಗೆ ಅಜ್ಜಿ ಒಬ್ಬಳೇ ಕೂತಿದ್ದಳು. ಮೊಮ್ಮಗಳು ಕಣ್ಣು ತೆರೆದಿದ್ದಳು, ಮಾತಾಡಿದ್ದಳು. ಅಜ್ಜಿ ಹಾರೈಸಿ ಕೈ ಹಿಡಿಯುತ್ತಾಳೆ ಅಂತ ನಾನು ಹೋದರೆ, ಅವಳು ಮುಖ ಎತ್ತಲಿಲ್ಲ. ಪಕ್ಕದಲ್ಲಿ ಕೂತೆ.

“ಮಗಳೇ, ನಿನಗೊಂದು ಹೇಳಬೇಕು. ಮಕ್ಕಳಿಗೆ ಹೇಳಲಾರೆ,” ಎಂದಳು. “ಒಳಗಿರುವವಳು ಸ್ತಾವ್ರೋನ ಮಗಳು ಎಂದು ಗೊತ್ತಾದಾಗ ಯಾನ್ನಿ ನನ್ನ ಹೆಗಲಿಗೆ ತಲೆಯಿಟ್ಟು ಜೋರಾಗಿ ಅತ್ತ. ಬದುಕಿದ ಮಗಳಿಗಾಗಿ ಅತ್ತ. ಅವನನ್ನು ತಬ್ಬಿಕೊಂಡು ನನಗೂ ಒಂದು ಗಳಿಗೆ ಹಗುರಾಯಿತು. ಸ್ತಾವ್ರೋಗೆ ಆಗ ಇನ್ನೂ ನಿಜವಾದ ಸುದ್ದಿ ಮುಟ್ಟಿರಲಿಲ್ಲ. ಅವನು ಮಗಳ ಕಾಲು ಮಾತ್ರ ಮುರಿದಿದೆ ಅಂತ ನಂಬಿ ಇನ್ನೊಂದು ಆಸ್ಪತ್ರೆಗೆ ಕಾರು ಓಡಿಸುತ್ತಿದ್ದ. ಅವನ ಮಗಳು ಒಳಗೆ ಸಾಯುತ್ತಿದ್ದಾಗ ನನಗೆ ಹಗುರಾಯಿತಲ್ಲ.”

ಆ ಹಗುರ ಪಾಪವಲ್ಲ ಅಮ್ಮಾ, ತಬ್ಬಿಕೊಂಡ ಮಗನ ನಿರಾಳ ಅದು, ನಿಮಗೂ ಹತ್ತಿತು ಎಂದೆ. ಅವಳು ನಂಬಿದಳೋ ಇಲ್ಲವೋ ಗೊತ್ತಿಲ್ಲ. ನನ್ನ ಕೈ ಮಾತ್ರ ಬಹಳ ಹೊತ್ತು ಬಿಡಲಿಲ್ಲ. ನಾನೂ ಅಲ್ಲೇ ಅತ್ತುಬಿಟ್ಟೆ.

ನನ್ನ ವೃತ್ತಿ ನನಗೆ ಕಲಿಸಿದ್ದು ಏನು ಎಂದು ಯಾರಾದರೂ ಕೇಳಿದರೆ, ಕಾಗದ ಹೊಂದಿದರೆ ಮನುಷ್ಯ ಹೊಂದಿದಂತಲ್ಲ ಎಂದು ಹೇಳುತ್ತೇನೆ. ಹೊಸದಾಗಿ ಸೇರಿದವರಿಗೆ ಅಷ್ಟು ಸಾಕು. ಆದರೆ ಅಜ್ಜಿಯ ಪಕ್ಕ ಕೂತಾಗ ನನಗೆ ತಿಳಿದದ್ದು ಅದಕ್ಕಿಂತ ದೊಡ್ಡದು. ತಪ್ಪು ಹೆಸರು ಅಳಿಸಿ ಸರಿಯಾದ ಹೆಸರು ಹಚ್ಚುವುದೆಂದರೆ ಒಂದು ಮನೆಯ ದುಃಖವನ್ನು ಎತ್ತಿ ಇನ್ನೊಂದು ಮನೆಯ ಹೊಸ್ತಿಲಿಗೆ ಇಟ್ಟು ಬರುವುದು. ಮಾಡಲೇಬೇಕಾದ ಕೆಲಸ ಅದು, ಮಾಡಿದ್ದೇನೆ. ನಿವೃತ್ತಿಯವರೆಗೆ ಮತ್ತೆ ಕೆಲವು ಸಲ ಇಂಥ ಅದಲುಬದಲನ್ನು ಹಿಡಿದೆ. ಆದರೆ ಗೆದ್ದೆ ಅಂತ ಯಾರ ಬೆನ್ನಿಗೂ ಗುದ್ದಲಿಲ್ಲ. ಈಗ ಯಾರದೋ ಮನೆಯಲ್ಲಿ ಫೋನು ಹೊಡೆದುಕೊಳ್ಳುತ್ತದೆ, ಯಾರೋ ನಗುತ್ತಲೇ ಅದನ್ನು ಎತ್ತುತ್ತಾರೆ ಎಂದುಕೊಂಡು ಸುಮ್ಮನೆ ನಿಲ್ಲುತ್ತಿದ್ದೆ.