ಕ್ಯಾಸೆಟ್ಟಿನ ಕೊನೆಯಲ್ಲಿ ಉಳಿದ ಹೆಸರು

ಸಿಂಚನಾ, ತೇಜಸ್, ನೀವಿಬ್ಬರೂ ಸೇರಿ ಮಾಡುತ್ತಿರುವ ಚಿತ್ರಪುಸ್ತಕದಲ್ಲಿ ಒಂದು ಪುಟ ಸುಳ್ಳು. ಆ ಸುಳ್ಳು ನಿಮ್ಮದಲ್ಲ, ನಿಮ್ಮ ಅಜ್ಜಿಯಾದ ನನ್ನದು.

ಯಾವ ಪುಟ ಎಂದು ಹೇಳುತ್ತೇನೆ. ಕ್ಯಾಸೆಟ್ ಅಂಗಡಿಯ ಕೌಂಟರಿನ ಹಿಂದೆ ಇಬ್ಬರು ಹುಡುಗಿಯರು ನಿಂತಿದ್ದಾರೆ. ಮೆಟ್ಟಿಲ ಮೇಲೆ ಹೆಗಲಿಗೆ ಟವೆಲ್ ಹಾಕಿಕೊಂಡ ಒಬ್ಬ ಗಂಡಸು. ಎರಡು ಜಡೆಯ ಹುಡುಗಿ — ಅವಳು ನಾನು, ನೋಡಿದ ಕೂಡಲೇ ಗೊತ್ತಾಗುತ್ತದೆ, ಅಷ್ಟು ಚೆನ್ನಾಗಿ ಬರೆದಿದ್ದೀಯ ಸಿಂಚನಾ — ತಲೆ ಎತ್ತಿ “ನಾನೇ ಹಾಕಿದ್ದು” ಎನ್ನುತ್ತಾಳೆ. ಆ ಮಾತನ್ನು ನಾನು ಹೇಳಲಿಲ್ಲ. ಹೇಳಿದವಳು ನನ್ನ ಪಕ್ಕದಲ್ಲಿ ನಿಂತಿದ್ದ ಗಂಗ. ತಪ್ಪು ಮಾಡಿದವಳು ನಾನು, ಒಪ್ಪಿಕೊಂಡವಳು ಅವಳು. ಇಷ್ಟು ವರ್ಷ ಆದ ಮೇಲೆ ನಿಮ್ಮ ಮುಂದೆ ಕತೆ ಹೇಳುತ್ತಾ ಆ ಒಪ್ಪಿಗೆಯನ್ನೂ ನಾನೇ ತೆಗೆದುಕೊಂಡುಬಿಟ್ಟೆ. ಪ್ರಿಂಟಿಗೆ ಕೊಡುವ ಮೊದಲು ಆ ಮಾತಿನ ಗುಳ್ಳೆಯ ಬಾಲವನ್ನು ಅವಳ ಬಾಯಿಯ ಕಡೆಗೆ ತಿರುಗಿಸು.

ಇಷ್ಟೇ ಆಗಿದ್ದರೆ ಅಡುಗೆಮನೆಯಿಂದಲೇ ಕೂಗಿ ಹೇಳುತ್ತಿದ್ದೆ. ಇಷ್ಟೇ ಅಲ್ಲ — ಅದಕ್ಕೇ ಬರೆಯುತ್ತಿದ್ದೇನೆ. ನನಗೆ ಎದುರಿಗೆ ಮಾತು ಬರುವುದಿಲ್ಲ ಎನ್ನುವುದು ನಿಮಗೆ ಗೊತ್ತು. ಅಂಗನವಾಡಿಯಲ್ಲಿ ಅಷ್ಟು ವರ್ಷ ಮಕ್ಕಳಿಗೆ ಕತೆ ಹೇಳಿದೆ, ಬಾಗಿಲಲ್ಲಿ ಸೂಪರ್‌ವೈಸರ್ ಕಂಡರೆ ಮಾತ್ರ ಬಾಯಿ ಒಣಗುತ್ತಿತ್ತು. ಬರೆಯುವುದಾದರೆ ಕೈ ಓಡುತ್ತದೆ. ಗೌಡಗೆರೆ ಶಾಲೆಯಲ್ಲಿ ಮೇಷ್ಟ್ರು ತಿದ್ದಿಸಿದ ಅಕ್ಷರ ಇದು. ಇದೇ ಅಕ್ಷರಕ್ಕೆ ನನಗೆ ಶಿರಾದ ಆ ಅಂಗಡಿಯಲ್ಲಿ ಕೆಲಸ ಸಿಕ್ಕಿದ್ದು.

ಗಂಗ ಎಂದರೆ ಸಿದ್ದಗಂಗ. ತಾವರೆಕೆರೆ ಕಡೆಯವಳು, ಕುರಿ ಸಾಕುವ ಮನೆಯ ಹುಡುಗಿ. ನಾವಿಬ್ಬರೂ ಎಸ್ಸೆಸ್ಸೆಲ್ಸಿಯಲ್ಲಿ ಗಣಿತ ಒಂದರಲ್ಲೇ ಫೇಲಾದವರು. ಬೆಳಿಗ್ಗೆ ಶಿರಾದಲ್ಲಿ ಟ್ಯೂಷನ್, ಮಧ್ಯಾಹ್ನದಿಂದ ಬಸ್ ಸ್ಟ್ಯಾಂಡಿನ ಹಿಂದಿದ್ದ ಬಾಷಾ ಸಾಬರ ಅಂಗಡಿ. ಅವಳಿಗೆ ಟೀಚರ್ ಆಗಬೇಕೆಂಬ ಆಸೆ ಇತ್ತು. ನನಗೆ ಅಂಥ ಆಸೆ ಏನೂ ಇರಲಿಲ್ಲ, ಅವಳು ಹೋದ ಕಡೆ ಹೋಗುತ್ತಿದ್ದೆ, ಅಷ್ಟೆ.

ಅಂಗಡಿಯ ಕೆಲಸ ನಿಮಗೆ ಹೇಳಿದ್ದೇನೆ, ಅದರಲ್ಲಿ ಸುಳ್ಳಿಲ್ಲ. ಗಿರಾಕಿಗಳು ತಮಗೆ ಬೇಕಾದ ಹಾಡುಗಳ ಚೀಟಿ ತಂದು ಕೊಡುತ್ತಿದ್ದರು. ಗೋಡೆಯುದ್ದಕ್ಕೂ ನಿಲ್ಲಿಸಿದ್ದ ದೊಡ್ಡ ಕಪ್ಪು ರೆಕಾರ್ಡುಗಳಿಂದ ಒಂದೊಂದೇ ಹಾಡನ್ನು ಖಾಲಿ ಕ್ಯಾಸೆಟ್ಟಿಗೆ ಇಳಿಸಿ ಕೊಡುವುದು ನಮ್ಮ ಕೆಲಸ. ಗಂಗ ರೆಕಾರ್ಡು ಹುಡುಕುತ್ತಿದ್ದಳು, ಗಿರಾಕಿಗಳನ್ನು ಮಾತಾಡಿಸುತ್ತಿದ್ದಳು. ನಾನು ಮೂಲೆಯಲ್ಲಿ ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಮೆಷಿನ್ ನೋಡುತ್ತಿದ್ದೆ, ಹಾಡಿನ ಹೆಸರುಗಳನ್ನು ಡಬ್ಬಿಯ ಕಾರ್ಡಿನ ಮೇಲೆ ಬರೆಯುತ್ತಿದ್ದೆ. ಕ್ಯಾಸೆಟ್ಟಿನ ಒಂದು ಮಗ್ಗುಲಿಗೆ ಅರ್ಧ ಗಂಟೆ. ಆರು ಹಾಡು ತುಂಬಿದ ಮೇಲೆ ಕೊನೆಗೆ ಎರಡು ಮೂರು ನಿಮಿಷ ಮಿಕ್ಕುತ್ತಿತ್ತು. ಅದನ್ನು ಖಾಲಿ ಬಿಡುವಂತಿರಲಿಲ್ಲ. “ಖಾಲಿ ಕೊಟ್ರೆ ಗಿರಾಕಿ ನಮ್ಮನ್ನ ಬೈತಾನೆ ಬೇಟಿ, ಏನಾದ್ರೂ ಹಾಕು,” ಎನ್ನುತ್ತಿದ್ದರು ಸಾಬರು. ಯಾವುದೋ ವಾದ್ಯದ ತುಣುಕು, ಯಾವುದೋ ಹಾಡಿನ ಅರ್ಧ — ಏನಾದರೂ ಹಾಕಿ ತುಂಬಿಸುತ್ತಿದ್ದೆ.

ಒಂದು ಶುಕ್ರವಾರ ಸಾಬರು ನಮಾಜಿಗೆ ಹೋಗಿದ್ದಾಗ ಗಂಗ ಹೊಸದಾಗಿ ಬಂದಿದ್ದ ಮೈಕನ್ನು ಕೈಗೆ ತೆಗೆದುಕೊಂಡಳು. “ಒತ್ತೇ ಜಯಾ, ಹೆಂಗೆ ಕೇಳ್ತೈತೆ ನೋಡಾನ.” ಒತ್ತಿದೆ. ಅವಳ ಅಜ್ಜಿ ರಾಗಿ ಬೀಸುವಾಗ ಹೇಳುತ್ತಿದ್ದ ಒಂದು ಪದ ಹಾಡಿದಳು. ಮಕ್ಕಳೇ, ಅಂಥ ದನಿಯನ್ನು ನಾನು ಆಮೇಲೆ ಕೇಳಿಲ್ಲ. ಹಾಡು ಮುಗಿದ ಮೇಲೆ ರೇಡಿಯೋದವರ ಹಾಗೆ ಮೂಗಿನಲ್ಲಿ, “ಹಾಡಿದವರು, ಕುಮಾರಿ ಸಿದ್ದಗಂಗಾ, ತಾವರೆಕೆರೆ ಹೋಬಳಿ, ಶಿರಾ ತಾಲ್ಲೂಕು,” ಎಂದಳು. ಇಬ್ಬರೂ ಕೌಂಟರಿನ ಕೆಳಗೆ ಕೂತು ಹೊಟ್ಟೆ ಹಿಡಿದುಕೊಂಡು ನಕ್ಕೆವು. ಆಮೇಲೆ ಅವಳೇ, “ಅಳಿಸ್ಬುಡು, ನಮ್ಮಪ್ಪನ ಕಿವೀಗೆ ಬಿದ್ರೆ ನನ್ನ ಕಡಿದ್ಬುಡ್ತಾನೆ,” ಎಂದಳು. ಅವರ ಮನೆಯಲ್ಲಿ ಹೆಣ್ಣುಮಕ್ಕಳು ಹೊರಗಿನವರ ಮುಂದೆ ದನಿ ಎತ್ತುವಂತಿರಲಿಲ್ಲ. ನನಗೆ ಅದು ಗೊತ್ತಿತ್ತು. ಅಳಿಸುತ್ತೇನೆ ಎಂದೆ, ಅಳಿಸಲಿಲ್ಲ. ಆ ಕ್ಯಾಸೆಟ್ಟನ್ನು ಡ್ರಾಯರಿನಲ್ಲಿ ಇಟ್ಟುಕೊಂಡೆ.

ಕೆಲವು ವಾರಗಳಾದ ಮೇಲೆ ಶಿರಾ–ಮಧುಗಿರಿ ಓಡಿಸುತ್ತಿದ್ದ ಒಬ್ಬ ಬಸ್ ಡ್ರೈವರು ಚೀಟಿ ತಂದ. ಹನ್ನೆರಡು ಹಾಡು. ತುಂಬಿಸಿದೆ, ಎರಡನೆಯ ಮಗ್ಗುಲಿನ ಕೊನೆಯಲ್ಲಿ ಮೂರು ನಿಮಿಷ ಮಿಕ್ಕಿತು. ಡ್ರಾಯರಿನಿಂದ ಗಂಗನ ಕ್ಯಾಸೆಟ್ ತೆಗೆದು ಹಾಕಿದೆ. ಇಷ್ಟು ಮಾತ್ರ ನಿಮಗೆ ಹೇಳಿದ್ದೆ — ಸ್ನೇಹಿತೆಯ ಹಾಡು ನಾಲ್ಕು ಜನ ಕೇಳಲಿ ಅಂತ ಹಾಕಿದೆ ಎಂದು. ಹೆಸರಿನ ವಿಷಯ ಹೇಳಲಿಲ್ಲ. ಹಾಡು ಮುಗಿದ ತಕ್ಷಣ ನಿಲ್ಲಿಸಿದ್ದರೆ ಅದು ಯಾರ ದನಿ ಎಂದು ಯಾರಿಗೂ ತಿಳಿಯುತ್ತಿರಲಿಲ್ಲ. ನನ್ನ ಬೆರಳು ಬಟನ್ನಿನ ಮೇಲೇ ಇತ್ತು. ಹೆಡ್‌ಫೋನಿನಲ್ಲಿ “ಹಾಡಿದವರು” ಎಂದು ಶುರುವಾಯಿತು — ಕೇಳಿಸಿತು — ಒತ್ತಲಿಲ್ಲ. ಹೆಸರು, ಹೋಬಳಿ, ತಾಲ್ಲೂಕು, ಎಲ್ಲವೂ ಹೋಗಲು ಬಿಟ್ಟೆ.

ಯಾಕೆ? ಈ ಪ್ರಶ್ನೆಯನ್ನು ನಾನೇ ಎಷ್ಟು ಸಲ ಕೇಳಿಕೊಂಡಿದ್ದೇನೆ. ಅಷ್ಟು ಚೆನ್ನಾಗಿ ಹಾಡುವವಳ ಹೆಸರು ಜನಕ್ಕೆ ಗೊತ್ತಾಗಲಿ ಎಂದು — ಹೀಗೆಂದುಕೊಂಡು ಬಹಳ ವರ್ಷ ಕಳೆದೆ. ಆದರೆ ಆ ದಿನ ಅಂಗಡಿಗೆ ಬಂದ ಗಿರಾಕಿಗಳೆಲ್ಲ “ಗಂಗಮ್ಮ ಎಲ್ಲಿ?” ಎಂದೇ ಕೇಳಿದ್ದರು. ಒಂದು ವರ್ಷದಿಂದ ಅದೇ ಮೂಲೆಯಲ್ಲಿ ಕೂತಿದ್ದ ನನ್ನ ಹೆಸರು ಒಬ್ಬರಿಗೂ ಗೊತ್ತಿರಲಿಲ್ಲ. ಅವಳು ಅಪ್ಪನ ಕೈಯಲ್ಲಿ ಒಂದು ಸಲ ಬೈಸಿಕೊಳ್ಳಲಿ ಎಂದು ನನ್ನೊಳಗೆ ಎಲ್ಲೋ — ಹೌದು, ಇತ್ತು. ಸಣ್ಣದಾಗಿ ಇತ್ತು. ಬೆರಳನ್ನು ತಡೆಯಲು ಅಷ್ಟು ಸಾಕಾಯಿತು.

ಡ್ರೈವರು ಆ ಕ್ಯಾಸೆಟ್ ಹಾಕಿದ ದಿನ ಅವಳಪ್ಪ ಅದೇ ಬಸ್ಸಿನಲ್ಲಿ ಮಧುಗಿರಿಗೆ ಹೋಗುತ್ತಿದ್ದ. ಹಾಡು ಬಂದಾಗ ಹಿಂದಿನ ಸೀಟಿನವರು, “ಯಾರ ಮಗ್ಳು ಕಣ್ಲಾ ಇವ್ಳು, ನಮ್ಮೂರಿಗೂ ಕರೆಸಾನ,” ಎಂದು ನಗಾಡಿದರಂತೆ. ಆಮೇಲೆ ಹೆಸರು ಬಂತು. ಅಷ್ಟೂ ದಾರಿ ಆ ಮನುಷ್ಯ ತಲೆ ತಗ್ಗಿಸಿಕೊಂಡು ಕೂತಿದ್ದನಂತೆ. ಮಾರನೆಯ ದಿನ ಅಂಗಡಿಯ ಮೆಟ್ಟಿಲ ಮೇಲೆ ಬಂದು ನಿಂತ. ಕೂಗಾಡಲಿಲ್ಲ. ನಿನ್ನ ಚಿತ್ರದಲ್ಲಿ ಅವನನ್ನು ಮೀಸೆ ತಿರುವಿ ಕಣ್ಣು ಕೆಂಪಗೆ ಮಾಡಿ ಬರೆದಿದ್ದೀಯ ಸಿಂಚನಾ, ಅದೂ ನಾನು ಹೇಳಿದ್ದರಿಂದ. ಅವನು ಹಾಗಿರಲಿಲ್ಲ. ರಾತ್ರಿಯೆಲ್ಲ ನಿದ್ದೆ ಇಲ್ಲದವನ ಹಾಗಿದ್ದ.

“ಸಾಬ್ರೇ, ಒಂದೇ ಮಾತು ಕೇಳ್ತೀನಿ,” ಎಂದ. “ಅವ್ಳಿಗೆ ತಿಳೀದಂಗೆ ಯಾರಾನ ಹಾಕಿದ್ರೆ ಅದು ಬ್ಯಾರೆ ಮಾತು, ನನ್ನ ಮಗ್ಳ ತಪ್ಪಲ್ಲ. ಇವ್ಳೇ ಹಾಕ್ಕಂಡಿದ್ರೆ ಇವತ್ತಿಗೆ ಮುಗೀತು. ಅಂಗ್ಡೀನೂ ಬ್ಯಾಡ, ಟ್ಯೂಷನ್ನೂ ಬ್ಯಾಡ.”

ಸಾಬರು ನಮ್ಮಿಬ್ಬರ ಕಡೆ ತಿರುಗಿದರು. “ಯಾರು ಹಾಕಿದ್ದು? ಹೇಳಿ ಬೇಟಿ.” ನನ್ನ ಬಾಯಿಂದ ಒಂದೇ ಒಂದು ಮಾತು ಬಂದಿದ್ದರೆ ಅವಳು ಉಳಿಯುತ್ತಿದ್ದಳು. ಗಂಗ ನನ್ನ ಮುಖ ನೋಡಿದಳು, ಒಂದೇ ಸಲ. ನಾನು ಕೈಯಲ್ಲಿದ್ದ ಪೆನ್ನು ನೋಡುತ್ತಾ ನಿಂತೆ. ಮೆಷಿನ್ನಿನಲ್ಲಿ ತಮಾಷೆ ಮಾಡಿದರೆ ಮನೆಗೆ ಕಳಿಸುತ್ತೇನೆ ಎಂದು ಸಾಬರು ಮೊದಲೇ ಹೇಳಿದ್ದರು. ನನಗೆ ಅಪ್ಪ ಇಲ್ಲ, ಅವ್ವ ಕೂಲಿಗೆ ಹೋಗುತ್ತಾಳೆ ಎನ್ನುವುದು ಗಂಗನಿಗೆ ಗೊತ್ತಿತ್ತು. ಅವಳು ಅದನ್ನೇ ಯೋಚಿಸಿರಬೇಕು. ನಾನು ಯಾವುದನ್ನೂ ಯೋಚಿಸಲಿಲ್ಲ — ಹೆದರಿ ನಿಂತಿದ್ದೆ ಅಷ್ಟೆ.

“ನಾನೇ ಹಾಕಿದ್ದು,” ಎಂದಳು.

ಟಿಫಿನ್ ಡಬ್ಬಿ ತೆಗೆದುಕೊಂಡು ಚಪ್ಪಲಿ ಮೆಟ್ಟಿದಳು. ಹೋಗುವಾಗ ನನ್ನ ಕಡೆ ತಿರುಗಿ, “ಗೌಡ್ರ ಮನೆ ಮದ್ವೆ ಲಿಸ್ಟು ಇನ್ನೂ ಅರ್ಧ ಐತೆ, ಮುಗಿಸ್ಬುಡು,” ಎಂದಳು. ಮುಗಿಸಿದೆ. ಆ ಮಧ್ಯಾಹ್ನವೇ ಕೂತು ಮುಗಿಸಿ, ಕಾರ್ಡಿನ ಮೇಲೆ ದುಂಡಗೆ ಹಾಡುಗಳ ಹೆಸರು ಬರೆದೆ.

ಅವಳು ಗಣಿತದ ಪರೀಕ್ಷೆ ಬರೆಯಲಿಲ್ಲ. ನಾನು ಬರೆದೆ, ಪಾಸಾದೆ, ಆ ಪಾಸಿನಿಂದ ಮುಂದೆ ಅಂಗನವಾಡಿ ಕೆಲಸ ಸಿಕ್ಕಿತು. ಮಧುಗಿರಿಗೆ ಬಂದೆ, ನಿಮ್ಮ ತಾತನ ಜೊತೆ ಜಗಳವಿಲ್ಲದೆ ಬಾಳಿದೆ. ಈಗಲೂ ಸಂಜೆ ಬೆಟ್ಟದ ಮೇಲೆ ಬಿಸಿಲು ಇಳಿಯುವುದನ್ನು ನೋಡುತ್ತಾ ನೀವು ಬಣ್ಣ ಹಚ್ಚುವ ಮೇಜಿನ ಪಕ್ಕ ಕೂತರೆ ನನಗೆ ಇನ್ನೇನೂ ಬೇಡ ಅನ್ನಿಸುತ್ತದೆ. ನನ್ನ ಬಾಳು ಚೆನ್ನಾಗಿ ಆಯಿತು ಮಕ್ಕಳೇ. ಕೊರಗಿ ಸವೆದೆ ಎಂದು ಬರೆದರೆ ಅದು ಇನ್ನೊಂದು ಸುಳ್ಳಾಗುತ್ತದೆ.

ಗಂಗನನ್ನು ಮತ್ತೆ ನೋಡಿದ್ದು ಒಂದೇ ಸಲ, ಪಾವಗಡದಲ್ಲಿ ನೆಂಟರ ಮದುವೆಯಲ್ಲಿ. ಅಷ್ಟರಲ್ಲಿ ನಿಮ್ಮ ಅಮ್ಮ ಹೈಸ್ಕೂಲಿಗೆ ಬಂದಿದ್ದಳು. ಊಟದ ಸಾಲಿನಲ್ಲಿ ಯಾರೋ ಹಿಂದಿನಿಂದ ನನ್ನ ಜಡೆ ಎಳೆದರು. “ಏಮೇ ಜಯಾ, ಗುರ್ತು ಸಿಗ್ಲಿಲ್ವಾ?” ನಿಡುಗಲ್ ಕಡೆ ಮದುವೆಯಾಗಿ ಅವಳ ಮಾತಿಗೆ ತೆಲುಗು ಬೆರೆತಿತ್ತು. ಎಷ್ಟು ನಗಿಸಿದಳು. “ನಂಗೀಗ ಮೇಕೆಗಳೇ ಗಿರಾಕಿ ಕಣೆ, ಲಿಸ್ಟ್ ತರಲ್ಲ, ಯಾವ್ದು ಹಾಡಿದ್ರೂ ಕೇಳ್ತವೆ,” ಎಂದಳು. “ಟೀಚರಮ್ಮ ಆಗ್ಬುಟ್ಟೆ ನೀನು,” ಎಂದು ನನ್ನ ಸೆರಗನ್ನು ಮುಟ್ಟಿ ನೋಡಿದಳು. ಅದರಲ್ಲಿ ಕುಹಕ ಇರಲಿಲ್ಲ. ಇದ್ದಿದ್ದರೆ ನನಗೆ ಹಗುರಾಗುತ್ತಿತ್ತು.

ಎಲೆ ಎತ್ತಿದ ಮೇಲೆ ಆ ದಿನದ ಮಾತನ್ನು ಅವಳೇ ತೆಗೆದಳು. “ಹೆಸ್ರು ಕತ್ತರ್ಸೋದು ಮರ್ತಿರ್ತೀಯ ಬುಡು, ಗಡಿಬಿಡೀಲಿ.”

“ಹೂಂ ಕಣೆ,” ಎಂದೆ.

ಅಂಗಡಿಯಲ್ಲಿ ಮಾಡಿದ್ದೆಲ್ಲ ಸೇರಿ ಒಂದು ತಪ್ಪಾದರೆ, ಈ “ಹೂಂ” ಎರಡನೆಯದು. ಮೂರನೆಯದು ನಿಮ್ಮ ಮುಂದೆ ಮಾಡಿದ್ದು. ಕಳೆದ ವರ್ಷ ಕಡಲೆಕಾಯಿ ಸುಲಿಯುತ್ತಾ ಅಂಗಡಿಯ ಕತೆ ಹೇಳುತ್ತಿದ್ದಾಗ ಸಾಬರು ಕೇಳಿದ ಪ್ರಶ್ನೆಯ ತನಕ ಸರಿಯಾಗಿಯೇ ಹೇಳಿಕೊಂಡು ಬಂದೆ. ಅಲ್ಲಿ ನಿಲ್ಲಿಸಿದೆ. “ಆಮೇಲೆ ಯಾರು ಒಪ್ಕೊಂಡ್ರು ಅಜ್ಜಿ?” ಎಂದ ತೇಜಸ್. “ನಾನೇ,” ಎಂದುಬಿಟ್ಟೆ. “ಹಾಗಾದ್ರೆ ನೀನೇ ಹೀರೋಯಿನ್ನು,” ಎಂದು ನೀವಿಬ್ಬರೂ ಚಪ್ಪಾಳೆ ತಟ್ಟಿದಿರಿ. ಗಂಗ ಏನಾದಳು ಎಂದಾಗ, ಮದುವೆಯಾಗಿ ಹೋದಳು ಎಂದೆ. ನೀವು ನನ್ನನ್ನು ನೋಡಿದ ಆ ನೋಟ ನನಗೆ ಬೇಕಾಗಿತ್ತು. ಮೊನ್ನೆ ಮುಗಿದ ಪುಟ ತಂದು ತೋರಿಸಿದಾಗಲೇ, ಇದು ಕಾಗದದ ಮೇಲೆ ನಿಂತುಬಿಡುತ್ತದೆ, ಗಂಗನ ಮೊಮ್ಮಕ್ಕಳೂ ಒಂದು ದಿನ ಇದನ್ನು ಓದಬಹುದು ಎನ್ನುವುದು ತಲೆಗೆ ಹೋದದ್ದು.

ಪಾವಗಡದ ನೆಂಟರಿಂದ ನಂಬರು ತರಿಸಿಕೊಂಡು ನಿನ್ನೆ ಬೆಳಿಗ್ಗೆ ಅವಳಿಗೆ ಫೋನ್ ಮಾಡಿದೆ. ಕ್ಷೇಮಸಮಾಚಾರ ಆಯಿತು. ಆಮೇಲೆ ಕಣ್ಣು ಮುಚ್ಚಿಕೊಂಡು ಹೇಳಿದೆ. “ಗಂಗಾ, ಅವತ್ತು ನಾನು ಮರ್ತಿರಲಿಲ್ಲ ಕಣೆ. ನಿನ್ನ ಹೆಸರು ಕಿವೀಲಿ ಕೇಳಿಸ್ತಿತ್ತು. ಬೇಕಂತಲೇ ಬಿಟ್ಟೆ.”

ಆ ಕಡೆಯಿಂದ ಮೇಕೆ ಕೂಗುವುದು ಕೇಳಿಸುತ್ತಿತ್ತು. ಆಮೇಲೆ, “ಇದ್ನ ಫೋನಾಗೆ ಹೇಳ್ಬ್ಯಾಡ ಜಯಾ. ಬಾ. ಎದ್ರಿಗೆ ಕುಂತ್ಕಂಡು ಹೇಳು,” ಎಂದು ಇಟ್ಟುಬಿಟ್ಟಳು. ಸಿಟ್ಟೋ ಅಲ್ಲವೋ ತಿಳಿಯಲಿಲ್ಲ. ಏನಾದರೂ ಆಗಲಿ, ಅದು ಅವಳಿಗೆ ಸೇರಿದ್ದು. ನಾನು ಒಂದು ತಟ್ಟೆ ಮೊಸರನ್ನ ತಿಂದು ಬಾಗಿಲ ಹತ್ತಿರ ಕೂತೆ. ಮನಸ್ಸು ತಿಳಿಯಾಗಿತ್ತು.

ಭಾನುವಾರ ಪಾವಗಡದ ಬಸ್ಸು ಹತ್ತುತ್ತೇನೆ. ನೀವಿಬ್ಬರೂ ಜೊತೆಗೆ ಬನ್ನಿ. ಚಿತ್ರಗಳನ್ನೂ ತನ್ನಿ, ಅವಳು ನೋಡಿ ಒಪ್ಪದೆ ಪ್ರಿಂಟಿಗೆ ಹೋಗುವುದು ಬೇಡ. ಅಲ್ಲಿ ನನಗೆ ಬಾಯಿ ಕಟ್ಟುತ್ತದೆ, ಆಗ ಅಜ್ಜಿಯ ಪರವಾಗಿ ನೀವು ಮಾತಾಡಲು ಹೋಗಬೇಡಿ. ಎಷ್ಟು ಹೊತ್ತಾದರೂ ನಾನೇ ಹೇಳುತ್ತೇನೆ. ಆದರೆ ನನ್ನ ನಾಲಿಗೆಯನ್ನು ನಾನು ಬಲ್ಲೆ. ಹೇಳುತ್ತಾ ಹೇಳುತ್ತಾ ಯಾರದಾದರೂ ಕಣ್ಣಲ್ಲಿ ಒಳ್ಳೆಯವಳಾಗಿ ಕಾಣಬೇಕೆನ್ನಿಸಿ ಮತ್ತೆ ಎಲ್ಲಾದರೂ ಕತೆಯನ್ನು ತಿರುಗಿಸಿಬಿಟ್ಟೇನು — ಆ ದಿನವಾಗಲಿ, ಮುಂದೆ ಎಂದಾದರೂ ಆಗಲಿ. ಹಾಗೇನಾದರೂ ಆದರೆ ಈ ಹಾಳೆಗಳನ್ನು ತೆಗೆದು ನನ್ನ ಮುಂದೆ ಇಡಿ. ಅದಕ್ಕಾಗಿ ಇವನ್ನು ಜೋಪಾನವಾಗಿ ಇಟ್ಟುಕೊಳ್ಳಿ.